ಮೀಸೆಗೆ ಹಿಡಿಯದ ಹರಳು

ಜಾಲಹಳ್ಳಿ, ದೇವದುರ್ಗ ತಾಲೂಕು
12 ಜನವರಿ 2026, ಸೋಮವಾರ

ಪ್ರೀತಿಯ ನಾಗಕ್ಕಾ,

ಕಾಲಿನ ಬಾವು ಇಳಿಯಿತೇ? ಹೊಟ್ಟೆ ತುಂಬ ಉಣ್ಣುತ್ತೀಯೋ ಇಲ್ಲವೋ? ಏಳು ತಿಂಗಳ ಬಸುರಿಯ ಕೈಯಲ್ಲಿ ಮಾಳಿಗೆಗೆ ನೀರು ಹೊರಿಸಿದರೆ ನಿನ್ನ ಗಂಡ ಆನಂದ ಮಾಮಾನ ಮೇಲೂ ಒಂದು ಕರಪತ್ರ ಬರೆದು ರಾಯಚೂರು ಬಸ್‌ಸ್ಟ್ಯಾಂಡಿನಲ್ಲಿ ಹಂಚುತ್ತೇನೆ, ಹೇಳಿಬಿಡು. ಇಲ್ಲಿ ಎಲ್ಲರೂ ಕ್ಷೇಮ ಎಂದು ಬರೆಯುವುದು ವಾಡಿಕೆ. ನಾನು ಕ್ಷೇಮವಿಲ್ಲ, ತಲೆ ಕೆಟ್ಟುಹೋಗಿದೆ. ಫೋನು ಸದಾ ಅಪ್ಪನ ಕಿಸೆಯಲ್ಲಿ. ಅದಕ್ಕೇ ಈ ಕಾಗದ ಬಳೆ ಮಾರುವ ರಂಜಾನಬಿಯ ಕೈಯಲ್ಲಿ ಬರುತ್ತಿದೆ.

ಚೊಚ್ಚಲ ಹೆರಿಗೆಗೆ ತವರಿಗೆ ಬರಲಾ, ಅಪ್ಪ ಒಳಗೆ ಕರೆದುಕೊಂಡಾನೇ ಎಂದು ನೀನು ಕೇಳಿ ಕಳಿಸಿದ್ದೆ. ಏನು ಹೇಳಲಿ? ಅವ್ವ ನಿನ್ನ ಕೂಸಿಗೆ ಕುಂಚಿಗೆ ಹೊಲಿದು ಜೋಳದ ಚೀಲದಲ್ಲಿ ಬಚ್ಚಿಟ್ಟಿದ್ದಾಳೆ. ಅಪ್ಪನಾದರೋ, ಉಣ್ಣುವಾಗ ನಿನ್ನ ಹೆಸರು ಬಂದರೆ ತಾಟು ಸರಿಸಿ ಎದ್ದೇಬಿಡುತ್ತಾನೆ. "ನನಗ ಇರಾಕಿ ಒಬ್ಬಾಕಿನ ಮಗಳು" ಎನ್ನುತ್ತಾನೆ. ಹಟವೆಂದರೆ ಎಲ್ಲದರಲ್ಲೂ ಹಟ. ಸಂಜೆ ಕಟ್ಟೆಯ ಮೇಲೆ ಅಷ್ಟು ಜಾಗವಿದ್ದರೂ ತುದಿಗೇ ಒತ್ತಿ ಕೂಡುತ್ತಾನೆ. "ಯಪ್ಪಾ, ಬೀಳ್ತಿ, ಈಕಡೆ ಸರಿ" ಎಂದರೆ "ನಿನ್ನ ಕೆಲಸ ನೀ ನೋಡ್ಕೋ" ಅಂತ ಗದರುತ್ತಾನೆ. ಆದ್ದರಿಂದ ಅಕ್ಕಾ, ಬರಬೇಡ. ತುಂಬಿದ ಹೊಟ್ಟೆ ಹೊತ್ತು ಬಾಗಿಲಲ್ಲಿ ನಿಂತು ಮಾತು ಕೇಳಬೇಡ.

ಎಲ್ಲದಕ್ಕೂ ಮೂಲ ಆ ಹರಳು. ನಿನಗೆ ಗೊತ್ತಿರುವುದನ್ನೇ ಬರೆಯುತ್ತೇನೆ, ಮುಂದಿನ ಕರಪತ್ರಕ್ಕೆ ರೂಢಿಯಾಗಲಿ. ಮುತ್ತಜ್ಜನಿಗೆ ಕೃಷ್ಣಾ ಹೊಳೆಯಲ್ಲಿ ಸಿಕ್ಕ, ಹಿತ್ತಾಳೆ ಬಳೆಯಲ್ಲಿ ಕೂಡಿಸಿದ, ಅಂಗೈಯಗಲದ ಬಿಳಿ ಹರಳು. ಅದರೊಳಗಿಂದ ಯಾರನ್ನೇ ನೋಡಿದರೂ ಅವರ ಮನಸ್ಸನ್ನು ಹಗಲಿರುಳು ತುಂಬಿಕೊಂಡವರು ಪಕ್ಕದಲ್ಲಿ ಕಾಣುತ್ತಾರೆ. ಇಷ್ಟು ದೊಡ್ಡ ಪವಾಡ ಕೈಗೆ ಬಂದರೆ ನಮ್ಮ ಜನ ಏನು ಮಾಡಿದರು? ಕನ್ಯಾ ನೋಡಲು ಇಟ್ಟುಕೊಂಡರು! ಗಂಡಿನ ಕಡೆಯ ಹೆಂಗಸು ಹುಡುಗಿಗೆ ಹರಳು ಹಿಡಿಯಬೇಕು. ಪಕ್ಕದಲ್ಲಿ ಯಾರೂ ಕಾಣದಿದ್ದರೆ ಮಾತುಕತೆ, ಕಂಡರೆ ಛೀಮಾರಿ. ಗಂಡಸಿನ ಕಡೆಗೆ ಮಾತ್ರ ತಿರುಗಿಸುವಂತಿಲ್ಲ. "ಮೀಸಿಗಿ ಹರಳು ಹಿಡೀಬಾರದು" ಎನ್ನುತ್ತಿದ್ದಳು ಅಜ್ಜಿ. ಯಾಕೆ ಎಂದು ಕೇಳಿದರೆ, "ಹಿಡೀಬಾರದು ಅಂದ್ರ ಹಿಡೀಬಾರದು, ಬಾಯಿ ಮುಚ್ಚು." ದೇವದುರ್ಗದಿಂದ ಮಾನ್ವಿಯ ತನಕ ಎರವಲು ಹೋಗಿ ಎಷ್ಟೋ ಹುಡುಗಿಯರ ಕಣ್ಣೀರು ಕಂಡ ಹರಳು ಕೊನೆಗೆ ನಮ್ಮ ಪಡಸಾಲೆಯಲ್ಲೇ, ಬೀಗರ ಎದುರಿಗೇ, ನಿನ್ನ ಪಕ್ಕ ಆನಂದ ಮಾಮಾನನ್ನು ನಿಲ್ಲಿಸಿತು. ನೀನು ಅವನನ್ನೇ ಕಟ್ಟಿಕೊಂಡು ರಾಯಚೂರಿಗೆ ಹೋದೆ, ಒಳ್ಳೆಯದೇ ಮಾಡಿದೆ. ಅಪ್ಪ ಅಂದು ತಗ್ಗಿಸಿದ ತಲೆ ಇನ್ನೂ ಎತ್ತಿಲ್ಲ.

ನಿನ್ನೆ ನನ್ನ ಸರದಿ. ಪೋತ್ನಾಳದಿಂದ ಹುಲಿಗೇಶ ಎಂಬ ವರ, ಅವನ ಅವ್ವ ಬಾಲಮ್ಮ. ಹರಳಿನ ಮುಂದೆ ಕೂಡುವುದಿಲ್ಲ ಎಂದು ಎಷ್ಟು ಜಗಳಾಡಿದರೂ ಅಪ್ಪ, "ಬಳಿ ಸುತ್ತಿದ ಹಾಳಿ ಓದಿ ಕೆಟ್ಟಿ ನೀ" ಎಂದ. ರಂಜಾನಬಿ ಬಳೆಗೆ ಸುತ್ತಿ ತಂದುಕೊಡುವ ಹೆಣ್ಣುಮಕ್ಕಳ ಹಕ್ಕಿನ ಕರಪತ್ರಗಳಿಗೆ ಅವನಿಟ್ಟ ಹೆಸರು ಅದು. ಕುಳಿತೆ. ಬಾಲಮ್ಮ ಒಂದು ಕಣ್ಣು ಮುಚ್ಚಿ, ಹತ್ತಿ ನೋಡುವ ದಲಾಲಿಯಂತೆ ನೋಡಿ, "ಯಾರೂ ಇಲ್ರೀ, ಹುಡುಗಿ ಒಬ್ಬಾಕಿನ ಅದಾಳ" ಎಂದಳು. ನನಗೆ ಅದೂ ಅವಮಾನವೇ. ಪಕ್ಕದಲ್ಲಿ ಕ್ರಾಂತಿಯಾದರೂ ನಿಂತಿರಬಹುದು ಎಂದುಕೊಂಡಿದ್ದೆ! ಹರಳು ಕಸಿದುಕೊಂಡು, "ಈಗ ನಿಮ್ಮ ಮಗಂದು ನೋಡೂಣು" ಎಂದು ಅವನ ಮೀಸೆಗೇ ಹಿಡಿದೆ. ಬಾಲಮ್ಮ ಅವನ ಎಡಕ್ಕೆ ಕುಳಿತಿದ್ದಳು. ಹರಳಿನಲ್ಲಿ ಬಲಕ್ಕೂ ಇನ್ನೊಬ್ಬ ಬಾಲಮ್ಮ, ಅವನ ತಾಟಿನಲ್ಲಿದ್ದ ಮಂಡಾಳು ಒಗ್ಗರಣೆಯಿಂದ ಮೆಣಸಿನಕಾಯಿ ಆರಿಸಿ ತೆಗೆಯುತ್ತ ನಿಂತಿದ್ದಳು! "ಇಬ್ಬರು ಅತ್ತೇರನ್ನ ಸಂಭಾಳ್ಸೂದು ನನ್ನ ಕೈಲಿ ಆಗೂದಿಲ್ರಿ" ಎಂದುಬಿಟ್ಟೆ. "ಎಂಥಾ ಗಂಡಬೀರಿ ಹಡದೀಯವ್ವಾ!" ಎಂದು ನಮ್ಮವ್ವನಿಗೆ ಬೈದು ಬಾಲಮ್ಮ ಎದ್ದಳು. ಹುಲಿಗೇಶ ಪಾಪ, ತಾನೂ ಏಳಬೇಕೋ ಬೇಡವೋ ಎಂದು ಅವಳ ಮುಖ ನೋಡಿದ. ಅಪ್ಪ ನಿನ್ನೆಯಿಂದ ನನ್ನೊಂದಿಗೂ ಮಾತು ಬಿಟ್ಟಿದ್ದಾನೆ. ಹೆಣ್ಣಿನ ಮನಸ್ಸು ಸಂತೆಯ ಸರಕಲ್ಲ. ಈ ಕಾಗದ ಮುಗಿಸಿದವಳೇ ಹರಳನ್ನು ಒರಳಿನಲ್ಲಿ ಹಾಕಿ ಪುಡಿ ಮಾಡುತ್ತೇನೆ.

ಕೂಸಿಗೆ ಚಿಗವ್ವನ ಮುತ್ತು, ಮಾಮಾಗೆ ಎಚ್ಚರಿಕೆ ಬೆರೆಸಿದ ನಮಸ್ಕಾರ.

ಯಾವತ್ತೂ ನಿನ್ನ ಪಕ್ಷದವಳು,
ಬಂಡೆಮ್ಮ

ತಾ.ಕ.: ರಂಜಾನಬಿ ಬಸ್ಸಿಗೆ ಅವಸರ ಮಾಡುತ್ತಿದ್ದಾಳೆ. ಬರಬೇಡ ಎಂದದ್ದನ್ನು ಗೀಟು ಹಾಕಿ ಹೊಡೆದುಹಾಕು. ಹರಳನ್ನು ಒರಳಿಗೆ ಕುಕ್ಕಲೆಂದು ಎತ್ತಿದಾಗ ಅದರೊಳಗೆ ಕಟ್ಟೆಯ ಮೇಲಿದ್ದ ಅಪ್ಪ ಕಂಡ. ಅದೇ ತುದಿಗೆ ಒತ್ತಿ ಕುಳಿತಿದ್ದ. ಬಿಟ್ಟ ಜಾಗದಲ್ಲಿ ನೀನು ಕಾಲು ಚಾಚಿ ಕುಳಿತಿದ್ದೆ, ಇಷ್ಟು ದೊಡ್ಡ ಹೊಟ್ಟೆ ಹೊತ್ತು. ಅವನಿಗೆ ನೀನು ಬಸುರಿ ಎಂದು ಯಾರು ಹೇಳಿದರೋ! ಹರಳು ಒಡೆಯಲಾಗಲಿಲ್ಲ, ಅದಕ್ಕೂ ನನಗೆ ಸಿಟ್ಟು ಬಂದಿದೆ. ಶುಕ್ರವಾರದ ಬಸ್ಸಿಗೆ ಬಾ. ಬಾಗಿಲಲ್ಲಿ ಏನಾದರೂ ಅಂದರೆ, ಊರ ಮುಂದೆಯೇ ಅವನ ಮೀಸೆಗೆ ಹರಳು ಹಿಡಿಯುತ್ತೇನೆ.