ಮೂರು ಲೋಟ ಹಾಲು

ಮನೆಯಿಂದ,
ಮಾರ್ಚ್ ೧೨, ಮಂಗಳವಾರ ಬೆಳಿಗ್ಗೆ

ಪ್ರೀತಿಯ ಮಗಳೇ,

ಹೇಗಿದ್ದೀಯಮ್ಮ? ಕೆಮ್ಮು ಕಡಿಮೆಯಾಯಿತೇ? ತರಬೇತಿಯ ಗಡಿಬಿಡಿಯಲ್ಲಿ ಊಟ ತಪ್ಪಿಸಬೇಡ. ಅಲ್ಲಿ ಫೋನಿಗೆ ಬಿಡುವುದಿಲ್ಲವಲ್ಲ, ಅದಕ್ಕೇ ಈ ಕಾಗದ. ನಾವೆಲ್ಲ ಚೆನ್ನಾಗಿದ್ದೇವೆ ಎಂದು ಬರೆಯಲು ಕೂತವನು ಆಗಲೇ ಎರಡು ಸಲ ಎದ್ದು ಅಡುಗೆಮನೆಗೆ ಹೋಗಿಬಂದೆ. ನಿನ್ನ ಮಗಳು ಹಾಲು ಮುಟ್ಟುತ್ತಿಲ್ಲ. ನೀನು ಹೊರಟ ದಿನ ಗಟಗಟ ಕುಡಿದದ್ದೇ ಕೊನೆ. ಕೆನ್ನೆ ಇಳಿದುಹೋಗಿದೆ. ನನಗೆ ಕೂತಲ್ಲಿ ಕೂರಲಾಗುತ್ತಿಲ್ಲ.

ಡೇರಿಯಲ್ಲಿ ಜೀವಮಾನವೆಲ್ಲ ಹಾಲು ಪರೀಕ್ಷೆ ಮಾಡಿದವನ ಮನೆಯಲ್ಲೇ ಹೀಗಾದರೆ ಯಾರಿಗೆ ಹೇಳಲಿ! ತಪ್ಪು ಹಾಲಿನದೇ ಎಂದು ತೀರ್ಮಾನಿಸಿಬಿಟ್ಟೆ. ದಿನಾ ತರುವ ಗಟ್ಟಿ ಹಾಲು ಬಿಟ್ಟು ಅಳಿಯಂದಿರು ಕೆನೆ ತೆಗೆದ ಹಾಲು ತಂದು, "ಮಾವ, ಇದು ಹಗುರ, ಬೇಗ ಜೀರ್ಣ ಆಗುತ್ತೆ" ಅಂದರು. ಪ್ರೋಟೀನು, ಕ್ಯಾಲ್ಸಿಯಂ ಅದರಲ್ಲೂ ಹೆಚ್ಚುಕಡಿಮೆ ಅಷ್ಟೇ ಇರುತ್ತದೆ, ಇಲ್ಲವೆನ್ನುವುದಿಲ್ಲ. ಆದರೆ ಕೆನೆಯ ಜೊತೆ ಎ ವಿಟಮಿನ್ನೂ ಹೋಗುತ್ತದಲ್ಲ, ಬೆಳೆಯುವ ಮಗುವಿಗೆ ಕೊಬ್ಬು ಬೇಡವೇ ಎಂದು ರೇಗಿದೆ. ನಿಮ್ಮಮ್ಮನದು ಬೇರೆ ರಾಗ: ಪ್ಯಾಕೆಟ್ಟೇ ಬೇಡ, ಹಿಂದಿನ ಬೀದಿಯ ಕಂದು ಹಸುವಿನದೇ ಆಗಬೇಕು. ಆ ತಳಿಯ ಹಾಲಿನಲ್ಲಿ ಕಪ್ಪು-ಬಿಳಿ ಹಸುವಿನದಕ್ಕಿಂತ ಕೊಬ್ಬೂ ಪ್ರೋಟೀನೂ ಜಾಸ್ತಿ, ಅದೂ ಸರಿ. ನಿನ್ನೆ ಓಡಿಹೋಗಿ ತಂದೆ, ಚೆನ್ನಾಗಿ ಕಾಯಿಸಿದೆ, ಆರಿಸಿದೆ. ಹಳೆಯ ಚಟ ನೋಡು, ಮೂರೂ ಹಾಲನ್ನು ಮೂರು ಲೋಟಕ್ಕೆ ಹಾಕಿ ಸಾಲಾಗಿಟ್ಟು, ಮೂಸಿ, ಬಾಯಿಗಿಟ್ಟು ನೋಡಿದೆ. ಒಂದರಲ್ಲೂ ದೋಷವಿಲ್ಲ. "ನೀವೇ ಕುಡಿದು ದಪ್ಪಗಾಗಿ" ಎಂದು ನಿಮ್ಮಮ್ಮ ಗೊಣಗಿದಳು. ಪುಟ್ಟಿ ಮಾತ್ರ ತುಟಿ ಬಿಗಿಹಿಡಿದು ಕೂತಿದ್ದಳು. ಮೊಸರಾದರೆ ಒಂದೆರಡು ಚಮಚ ತಿನ್ನುತ್ತಾಳೆ. ಹಾಲಿನ ಲೋಟ ಕಂಡ ಕೂಡಲೇ ನನ್ನ ಅಂಗಿ ಹಿಡಿದುಕೊಳ್ಳುತ್ತಾಳೆ, ಬಿಡುವುದೇ ಇಲ್ಲ. ಹಾಲಿನ ಸಕ್ಕರೆಯೇ ಅವಳ ಹೊಟ್ಟೆಗೆ ಹಿಡಿಸುತ್ತಿಲ್ಲವೇನೋ, ಸಂಜೆ ಆ ಲ್ಯಾಕ್ಟೋಸ್ ತೆಗೆದ ಹಾಲು ಸಿಗುತ್ತದೇನೋ ಎಂದು ಹುಡುಕಿಕೊಂಡು ಹೋಗುತ್ತೇನೆ.

ಹುಷಾರಾಗಿರು ಕಂದಾ. ರಾತ್ರಿ ಬೆಚ್ಚಗೆ ಹೊದ್ದು ಮಲಗಬೇಕಂತೆ, ನಿಮ್ಮಮ್ಮನ ಅಪ್ಪಣೆ. ನಿನಗೆ ಎಲ್ಲ ಒಳ್ಳೆಯದಾಗಲಿ.

ನಿನ್ನ
ಅಪ್ಪ

ತಾ.ಕ.: ಲಕೋಟೆ ಅಂಟಿಸುವಷ್ಟರಲ್ಲಿ ಪುಟ್ಟಿ ಎದ್ದು ಬಂದಳು. ಲೋಟ ಮುಂದಿಟ್ಟೆ. ಅಂಗಿ ಹಿಡಿದುಕೊಂಡು ಕೇಳಿದಳು, "ನಾನು ಕುಡಿದು ಮುಗಿಸಿದ್ರೆ ನೀನೂ ಹೋಗ್ಬಿಡ್ತೀಯಾ, ತಾತ?" ಅವತ್ತು ನೀನು "ಹಾಲು ಕುಡೀತಾ ಇರು, ಈಗ ಬಂದೆ" ಎಂದು ಹೇಳಿ ಹಿಂಬಾಗಿಲಿನಿಂದ ಹೊರಟೆಯಲ್ಲ, ಲೋಟ ಖಾಲಿಯಾಗುವಷ್ಟರಲ್ಲಿ ನೀನಿರಲಿಲ್ಲ. ಇನ್ಯಾವ ಹಾಲನ್ನೂ ಹುಡುಕುವುದಿಲ್ಲ. ಹೇಗಾದರೂ ಮಾಡಿ ರಜೆ ಕೇಳಿ ಒಂದು ದಿನದ ಮಟ್ಟಿಗಾದರೂ ಬಂದುಹೋಗು. ಹೊರಡುವಾಗ ಮಾತ್ರ ಅವಳಿಗೆ ಹೇಳಿ, ಮುಂಬಾಗಿಲಿನಿಂದಲೇ ಹೋಗು. ಅತ್ತರೆ ಅಳಲಿ.