ಏಳನೇ ಎಪಿಸೋಡಿನ ನಂತರ

ಮರ್ಫಿ, ಟೆಕ್ಸಸ್
ನವೆಂಬರ್ ೧೫, ಶನಿವಾರ ಮಧ್ಯಾಹ್ನ

ಪ್ರೀತಿಯ ಸುಚಿ,

ಹೇಗಿದ್ದೀಯ? ಅಮ್ಮನ ಮಂಡಿನೋವು ಹೇಗಿದೆ? ಮೈಸೂರಿನ ಚಳಿಗೆ ನಿನಗೆ ಕೆಮ್ಮು ಹತ್ತಿಕೊಂಡಿದೆ ಅಂತ ಅಮ್ಮ ಹೇಳಿದಳು, ನೀನಂತೂ ಹೇಳುವವಳಲ್ಲ. ನಾವಿಲ್ಲಿ ಕ್ಷೇಮ ಎಂದು ಬರೆಯಲು ನನಗೆ ಕೈ ಬರುತ್ತಿಲ್ಲ. ವಿಡಿಯೋ ಕಾಲ್‌ನಲ್ಲಿ ಪಕ್ಕದಲ್ಲೇ ಸಿಯಾ ಕೂತಿರುತ್ತಾಳೆ, ನೀನೂ ನಾನೂ ಹಲ್ಲು ಕಿರಿದುಕೊಂಡು 'ಎಲ್ಲಾ ಚೆನ್ನಾಗಿದೆ' ಎನ್ನುತ್ತೇವೆ. ಅದಕ್ಕೇ ಈ ಉದ್ದದ ಮೇಲ್. ಪೂರ್ತಿ ಓದು, ನಡುವೆ ಎದ್ದು ಹೋಗಬೇಡ.

ವೀಸಾ ಸ್ಟಾಂಪಿಂಗ್‌ಗೆ, ಪಾಸ್‌ಪೋರ್ಟಿಗೆ ಹೊಸ ಮುದ್ರೆ ಬಿದ್ದರೆ ಮೂರೇ ವಾರದಲ್ಲಿ ವಾಪಸ್ ಎಂದು ಊರಿಗೆ ಹೊರಟಾಗ ನೀನು ಮಗಳು ಸಿಯಾಳನ್ನು ಆಸ್ಟಿನ್‌ನಿಂದ ತಂದು ನನ್ನ ಬಳಿ ಬಿಟ್ಟೆ. ಫುಲ್‌ಶೀರ್‌ನಲ್ಲಿರುವ ಅವರಪ್ಪನ ಹೊಸ ಸಂಸಾರದೊಳಗೆ ಇರಲು ಅವಳೇ ಒಲ್ಲೆ ಎಂದಳು. ಮದುವೆಯಾಗದ ನನಗೆ ಹದಿನೈದರ ಹುಡುಗಿಯ ಜೊತೆ ಏನು ಮಾತಾಡಬೇಕೆಂದೇ ತಿಳಿಯದು. ಆಗ ಕೈಹಿಡಿದದ್ದು ಆ ಟೀವಿ ಸಿಟ್‌ಕಾಮ್, ವಾರಕ್ಕೊಮ್ಮೆ ಬರುವ ಹಾಸ್ಯ ಧಾರಾವಾಹಿ. ನಿನಗೂ ಹೇಳಿದ್ದೆನಲ್ಲ, ಅದರಲ್ಲೂ ಒಬ್ಬಳು ಹುಡುಗಿ. ತಾಯಿ ಕೆಲಸದ ಮೇಲೆ ದೂರ ಹೋಗಿದ್ದಾಳೆ, ಹುಡುಗಿ ಅಡುಗೆ ಬಾರದ ಸೋದರಮಾವನ ಮನೆಯಲ್ಲಿ. ಪ್ರತಿ ಗುರುವಾರ ನಾನು ತಳ ಹಿಡಿದ ಉಪ್ಪಿಟ್ಟು ಕೆದಕುವುದು, ಸಿಯಾ ಟೀವಿಯ ಮಾವನನ್ನು ತೋರಿಸಿ 'ದಟ್ಸ್ ಯೂ, ಮಾಮ!' ಎಂದು ನಗುವುದು. ಆ ಮಾವ ಎಂಥ ಎಡವಟ್ಟು ಮಾಡಿದರೂ ಅರ್ಧ ಗಂಟೆಯಲ್ಲಿ ಸರಿಹೋಗುತ್ತಿತ್ತು. ನಿಜ ಹೇಳಲೇ? ಗುರುವಾರಕ್ಕೆ ಅವಳಿಗಿಂತ ನಾನೇ ಹೆಚ್ಚು ಕಾಯುತ್ತಿದ್ದೆ.

ಏಳನೇ ಎಪಿಸೋಡು ಮುಗಿದದ್ದು ಆ ತಾಯಿ ಏರ್‌ಪೋರ್ಟಿನಿಂದ ಮಗಳಿಗೆ ಫೋನ್ ಮಾಡುವಲ್ಲಿಗೆ. ಮರುವಾರ ಆ ಹೊತ್ತಿಗೆ ಬೇರೇನೋ ಬಂತು. ನೋಡುವವರಿಲ್ಲವೆಂದು ಚಾನೆಲಿನವರು ಶೋ ನಿಲ್ಲಿಸಿಬಿಟ್ಟಿದ್ದರು. ನಿನ್ನ ವೀಸಾ ಸಂದರ್ಶನದ ದಿನ ಮುಂದೆ ಹೋಗುತ್ತಲೇ ಇದ್ದು, ಕಂಪನಿಯವರು ಇನ್ನು ಕಾಯಲಾಗದು ಎಂದು ಕೆಲಸದಿಂದ ತೆಗೆದದ್ದೂ, ಅದರೊಂದಿಗೆ ವೀಸಾದ ದಾರಿ ಮುಚ್ಚಿದ್ದೂ ಅದೇ ವಾರ. ಪರೀಕ್ಷೆ ಮುಗಿಯುವವರೆಗೆ ಸಿಯಾಗೆ ಹೇಳಕೂಡದೆಂದು ನೀನು ನನ್ನಿಂದ ಆಣೆ ಮಾಡಿಸಿಕೊಂಡೆ. ಶೋ ಯಾಕೆ ಬರಲಿಲ್ಲ ಎಂದು ಅವಳು ಕೇಳಿದಾಗ ನನ್ನ ಬಾಯಿಂದ ಹೊರಟದ್ದು, 'ಫುಟ್‌ಬಾಲ್ ಇದ್ಯಲ್ಲ, ಬ್ರೇಕ್ ಪುಟ್ಟಿ, ಮುಂದಿನ ತಿಂಗಳು ಬರತ್ತೆ.' ಅಮ್ಮ ಯಾವಾಗ ಎಂದು ಕೇಳಿದಾಗಲೂ ಅದೇ, ಮುಂದಿನ ತಿಂಗಳು. ಸುಳ್ಳು ಹೇಳಿದರೂ ನಿಜದ ತಲೆ ಮೇಲೆ ಹೊಡೆದ ಹಾಗೆ ಹೇಳಬೇಕು ಎನ್ನುತ್ತಿದ್ದರು ಅಪ್ಪ. ನನಗೆ ಆ ವಿದ್ಯೆ ಹತ್ತಲಿಲ್ಲ.

ಮೊನ್ನೆ ಸ್ಕೂಲಿನಲ್ಲಿ ಯಾರೋ ಅವಳಿಗೆ ಶೋ ನಿಂತ ಸುದ್ದಿ ಹೇಳಿದ್ದಾರೆ. ನಾನು ಅವಳನ್ನು ಕಾರಿನಲ್ಲಿ ಮನೆಗೆ ಕರೆತಂದೆ. ಗರಾಜಿನಲ್ಲಿ ಕಾರು ನಿಲ್ಲಿಸಿದ ಮೇಲೆ ಕೇಳಿದಳು: 'ಮಾಮ, ಇಸ್ ಅಮ್ಮ ಆಲ್ಸೋ ಆನ್ ಬ್ರೇಕ್?' ನಾನು ತರಕಾರಿ ಇಳಿಸುವ ನೆಪದಲ್ಲಿ ಒಳಗೆ ಓಡಿಬಂದೆ. ಅಂದಿನಿಂದ ಊಟಕ್ಕೆ ಕರೆದರೆ ಹಸಿವಿಲ್ಲ, ನಿನ್ನ ಕಾಲ್ ಬಂದರೆ ಹೋಮ್‌ವರ್ಕ್. ಅತ್ತಿದ್ದರೆ ಸಮಾಧಾನವಾದರೂ ಮಾಡಬಹುದಿತ್ತು. ನನಗೆ ಭಯವಾಗುತ್ತಿದೆ ಸುಚಿ. ಅವಳಿಗೆ ನಮ್ಮ ಮೇಲಿನ ನಂಬಿಕೆಯೇ ಹೋದರೆ ಆಮೇಲೆ ಯಾವ ನಿಜ ಹೇಳಿ ಏನು ಪ್ರಯೋಜನ? ಲಾಯರು ಏನೆಂದ, ಬೇರೆ ಕಂಪನಿ ಸಿಗುತ್ತದೆಯೇ, ನೀನು ಮರಳಿ ಬರುವುದು ಹೇಗೆ ಎಂದು ನಾವಿಬ್ಬರೂ ದಿನವೂ ತಲೆ ಕೆಡಿಸಿಕೊಳ್ಳುತ್ತೇವೆ. ಅವಳನ್ನು ಮಾತ್ರ ಒಂದು ಮಾತೂ ಕೇಳಿಲ್ಲ. ನೀನೇ ಅವಳಿಗೆ ಹೇಳು, ಇಲ್ಲವೇ ನನ್ನನ್ನು ಆಣೆಯಿಂದ ಬಿಡಿಸು.

ಕಷಾಯ ಮಾಡಿಕೊಂಡು ಕುಡಿ. ಅಮ್ಮನಿಗೆ ನಮಸ್ಕಾರ ತಿಳಿಸು. ದೇವರು ನಿನ್ನನ್ನು ಚೆನ್ನಾಗಿಟ್ಟಿರಲಿ.

ನಿನ್ನ ಅಣ್ಣ,
ಶ್ರೀಕರ್

ತಾ.ಕ.: ಮೇಲ್ ಕಳಿಸುವ ಮೊದಲೇ ಸಿಯಾ ಕೆಳಗಿಳಿದು ಬಂದು ನನ್ನೆದುರು ಕೂತಳು. ತಡೆಯಲಾಗಲಿಲ್ಲ, ಎಲ್ಲಾ ಹೇಳಿಬಿಟ್ಟೆ. ಬೈಯುವುದನ್ನು ಆಮೇಲೆ ಬೈಯಿ. ಅವಳು ಅಳಲಿಲ್ಲ. ಯಾವಾಗಲೂ ಇಂಗ್ಲಿಷಿನಲ್ಲೇ ಉತ್ತರ ಕೊಡುವ ಹುಡುಗಿ ಕನ್ನಡದಲ್ಲಿ ಕೇಳಿದಳು: 'ಅಮ್ಮಂಗೆ ಬರಕ್ಕಾಗಲ್ಲ. ನಂಗೆ ಮೈಸೂರಿಗೆ ಹೋಗಕ್ಕಾಗತ್ತಲ್ವಾ, ಮಾಮ?' ಇಷ್ಟು ದಿನ ನಮ್ಮಿಬ್ಬರಲ್ಲಿ ಒಬ್ಬರಿಗೂ ಇದು ಹೊಳೆಯಲಿಲ್ಲವಲ್ಲ! ಈಗ ಮಹಡಿಯಲ್ಲಿ ಸೂಟ್‌ಕೇಸ್ ಎಳೆದಾಡುವ ಸದ್ದು ಕೇಳಿಸುತ್ತಿದೆ. ಅಲ್ಲಿ ಎಷ್ಟೇ ಹೊತ್ತಾಗಿದ್ದರೂ ಫೋನ್ ಮಾಡು. ಬಾ ಅಂತ ನೀನೇ ಅನ್ನಬೇಕಂತೆ.