ಅರವತ್ತು ಕೆಜಿ ಒಳಗೆ

೭ ಜನವರಿ, ಮಂಗಳವಾರ

ಬೆಳಿಗ್ಗೆ ಐದೂವರೆಗೆ ನಮ್ಮೂರು ಬೆಳಕೆಯ ಕಡಲ ದಂಡೆಯಲ್ಲಿ ಕಬಡ್ಡಿ ಟೀಮನ್ನು ಓಡಿಸಿದ್ದಾತು. ಜಗದೀಶ ತಡ. "ಈಗ ಬೋಟಿಂದ ಇಳ್ದೆ ಕೋಚ್" ಅಂದ. ಮೂವತ್ತು ಬಸ್ಕಿ. ಅವ ಬಸ್ಕಿ ಹೊಡೆಯುವಾಗ ಬದಿಗೆ ಬಿಚ್ಚಿಟ್ಟ ಅವನ ಬೂಟಿನೊಳಗೆ ಏಡಿ ಬಿಟ್ಟೆ. ಕಾಲು ಹಾಕಿದವ ಹಾರಿದ ನಮೂನೆ ರೈಡಲ್ಲಿ ಹಾರಿದ್ದರೆ ಕಪ್ಪು ನಮ್ಮದೇ.

ಸಂಜೆ ಮೀನು ತೂಗುವ ಕಾಟಾದ ಮೇಲೆ ಎಲ್ಲರನ್ನೂ ನಿಲ್ಲಿಸಿದೆ. ನನ್ನ ಅಕ್ಕ ಗಂಗಕ್ಕನ ಮಗ ರಾಜೀವ ೬೩.೪. ಭಾನುವಾರ ಹೊನ್ನಾವರದ ಪಂದ್ಯ ಅರವತ್ತು ಕೆಜಿ ಒಳಗಿನವರಿಗೆ. ನೂರು ಗ್ರಾಂ ಹೆಚ್ಚಿದ್ದರೂ ಹೊರಗೆ. ಮುಂಬಯಿಯ ಒಂದು ಕಂಪನಿ ಟೀಮಿನವರು ಆಟಗಾರರನ್ನು ಆರಿಸಲಿಕ್ಕೆ ಬರ್ತಾರೆ. ರಾಜೀವನಿಗೆ ಇಪ್ಪತ್ತಾರು. ಈಗ ಇಲ್ಲ ಅಂದರೆ ಇನ್ನಿಲ್ಲ.

"ಆಗೂದಿಲ್ಲ ಮಾವಾ" ಅಂದ.

"ಎಂತ ಆಗೂದಿಲ್ಲ? ಎಂಬತ್ತೊಂಬತ್ತರಲ್ಲಿ ಕುಮಟಾ ಪಂದ್ಯಕ್ಕೆ ಎರಡೇ ದಿನದಲ್ಲಿ ನಾಲ್ಕು ಕೆಜಿ ಇಳ್ಸದವ ಯಾರು?"

"ನೀವು" ಅಂದರು ಎಲ್ಲರೂ, ಒಟ್ಟಿಗೆ. ಬಾಯಿಪಾಠ ಆಗಿದೆ ಕಳ್ಳರಿಗೆ.

ಸುಳ್ಳಲ್ಲ. ಈ ಭಾಗದಲ್ಲಿ ಕಬಡ್ಡಿ ಆಡಿ ಸಂಬಳ ತಂದ ಮೊದಲನೆಯವ ನಾನು. ಮುಂಬಯಿ ಮಿಲ್ಲಿನ ಟೀಮು, ಆರು ವರ್ಷ. ಹೆಸರಿಗೆ ಗೇಟ್ ಕಾಯುವವ. ಗೇಟು ಯಾವ ದಿಕ್ಕಿಗಿತ್ತೋ ಇವತ್ತಿಗೂ ಗೊತ್ತಿಲ್ಲ.

೧೦ ಜನವರಿ, ಶುಕ್ರವಾರ

ರಾಜೀವ ೬೨.೧. ಅನ್ನ ಬಂದ್. ಮಧ್ಯಾಹ್ನದ ಬಿಸಿಲಲ್ಲಿ ರೇನ್‌ಕೋಟ್ ಹಾಕಿಸಿ ಮರಳಲ್ಲಿ ಓಡಿಸಿದೆ. ಕೋಟಿನ ತೋಳಿಂದ ಬೆವರು ನಲ್ಲಿ ಹಾಗೆ ಸುರಿಯಿತು. ಗಂಗಕ್ಕ ಬೈದಳು— "ಮಗನ್ನ ಕೊಟ್ಟಿದ್ದು ಆಡ್ಸೂಕೆ, ಒಣಮೀನು ಮಾಡೂಕಲ್ಲ." ನಗಾಡಿದೆ.

೧೧ ಜನವರಿ, ಶನಿವಾರ

ಬೆಳಿಗ್ಗೆಯಿಂದ ನೀರೂ ಬಂದ್. ಆದರೂ ೬೧.೨. ಗಂಗಕ್ಕನ ಕಾಲು ಊತಕ್ಕೆ ಡಾಕ್ಟರು ಬರೆದ ಮಾತ್ರೆ ಇದೆ. ಮೈಯ ನೀರು ಮೂತ್ರದಲ್ಲಿ ಇಳಿಸುತ್ತದೆ. ಅವಳ ಡಬ್ಬಿಯಿಂದ ತೆಗೆದು ರಾಜೀವನಿಗೆ ಮಧ್ಯಾಹ್ನ ಎರಡು ಕೊಟ್ಟೆ, ಸಂಜೆ ಎರಡು. ಈ ತಲೆ ಎಲ್ಲರಿಗೂ ಓಡುವುದಿಲ್ಲ!

೧೨ ಜನವರಿ, ಬೆಳಿಗ್ಗೆ ೯-೩೦, ಹೊನ್ನಾವರ

೫೯.೮!! ಎಳನೀರು, ಬಾಳೆಹಣ್ಣು ಕೊಟ್ಟೆ. ಕಾರಿದ. ಆಟ ಶುರುವಾದರೆ ಸರಿ ಆಗ್ತದೆ. ಕಂಪನಿಯವರು ಮುಂದಿನ ಸಾಲಲ್ಲೇ ಕೂತಿದ್ದಾರೆ. ನನ್ನ ಹೆಸರು ಹೇಳಿ ಪರಿಚಯ ಮಾಡಿಕೊಂಡೆ. ಗೊತ್ತಿಲ್ಲ ಅಂದರು. ಸಣ್ಣ ಪ್ರಾಯದವರು, ಪಾಪ.

೧೫ ಜನವರಿ, ಕುಮಟಾ, ಆಸ್ಪತ್ರೆ

ಬರೆಯಲಿಕ್ಕೆ ಆಗಲಿಲ್ಲ.

ಭಾನುವಾರ, ಎರಡನೇ ಪಂದ್ಯ. ರೈಡಿಗೆ ಹೋದ ರಾಜೀವ ನಡುಗೆರೆಯ ಮೇಲೆ ಬಿದ್ದ. ಯಾರೂ ಮುಟ್ಟಿರಲಿಲ್ಲ. "ಏಳಾ, ನಾಟ್ಕ ಸಾಕು" ಅಂತ ಕೂಗಿದೆ. ಎಲ್ಲರಿಗೂ ಕೇಳುವ ಹಾಗೆ. ಕೈಕಾಲು ಸೆಟೆದಿತ್ತು... ಬಾಯಲ್ಲಿ ನೊರೆ.

ಕಿಡ್ನಿ ಎರಡೂ ನಿಂತಿವೆಯಂತೆ. ಡಯಾಲಿಸಿಸ್ ಮಾಡ್ತಾ ಇದ್ದಾರೆ. ಡಾಕ್ಟರಮ್ಮ ವೀಣಾ ಕೇಳಿದರು, "ಏನಾದರೂ ಮಾತ್ರೆ ತಗೊಂಡಿದ್ನಾ?"

"ಬಿಸಿಲು ಜೋರಿತ್ತು ಮೇಡಂ" ಅಂದೆ.

೧೭ ಜನವರಿ

ಎಚ್ಚರ ಇಲ್ಲ.

ಎಂಬತ್ತೊಂಬತ್ತರ ಕುಮಟಾ ಪಂದ್ಯ. ನಾಲ್ಕು ಕೆಜಿ ಇಳಿಸಿದ್ದು ನಿಜ. ಅರ್ಧ ಆಟಕ್ಕೆ ಕಣ್ಣು ಕತ್ತಲೆ ಬಂದು ಹೊರಗೆ ಕೂತದ್ದೂ ನಿಜ. ಸೋತೆವು. ಮೂರು ದಿನ ಮೂತ್ರ ಮುರುಗಲ ಹಣ್ಣಿನ ಪಾನಕದ ಹಾಗೆ ಕಡುಗೆಂಪು. ಮೂವತ್ತೈದು ವರ್ಷದಿಂದ ಆ ಕಥೆ ಹೇಳ್ತಾ ಬಂದೆ. ಇಷ್ಟನ್ನು ಬಿಟ್ಟು.

೧೯ ಜನವರಿ, ಭಾನುವಾರ

ಕಣ್ಣು ಬಿಟ್ಟ! ಡಾಕ್ಟರಮ್ಮನಿಗೆ ಅವನೇ ಹೇಳಿದ— "ಅಮ್ಮನ ಮಾತ್ರೆ ಕದ್ದು ತಿಂದೆ. ಯಾರಿಗೂ ಗೊತ್ತಿಲ್ಲ." ನಾನು ಅಲ್ಲೇ ಇದ್ದೆ.

ಗಂಗಕ್ಕ ಹೊರಗೆ ನನ್ನ ಕೈ ಹಿಡಿದಳು. "ನೀ ಒಬ್ಬ ಹತ್ರ ಇದ್ದಿದ್ದಕ್ಕೆ ಉಳ್ದ ತಮಾ." ಹೊಡೆದಿದ್ದರೆ ತಡೆದುಕೊಳ್ಳುತ್ತಿದ್ದೆ.

ರಾಜೀವ ಒಬ್ಬನೇ ಸಿಕ್ಕಾಗ ಕೇಳಿದೆ, "ಎಂತಕ್ಕೆ ಹಾಂಗ್ ಹೇಳ್ದೆ?" ಅವನೇ ತಿರುಗಿ ಕೇಳಿದ—

"ಮೊದಲ್ನೇ ಮ್ಯಾಚ್ ಕಂಪನಿಯವ್ರು ನೋಡಿದ್ರಾ ಮಾವಾ?"

೨೧ ಜನವರಿ, ಮಂಗಳವಾರ, ಸಂಜೆ

ಜಗದೀಶ ನೋಡಲಿಕ್ಕೆ ಬಂದ. ಬ್ರೆಡ್ಡು, ಮೂಸಂಬಿ. ಕಾರಿಡಾರಿನಲ್ಲಿ ನನ್ನನ್ನು ಬದಿಗೆ ಕರೆದ.

"ಕೋಚ್, ಮುಂದಿನ ವಾರ ಮಿರ್ಜಾನದಲ್ಲಿ ಪಂದ್ಯ. ನಂಗೆ ಎರಡು ಕೆಜಿ ಹೆಚ್ಚಿದ್ದು. ರಾಜೀವ ತಿಂದ ಆ ಮಾತ್ರೆ ಹೆಸ್ರು ಎಂತ?"

"ಕಣ್ಣು ಕುರುಡಾ ನಿಂಗೆ? ಒಳಗೆ ನೋಡ್ಲಿಲ್ವಾ ಅವನ್ನ?"

"ಅವ ಯಾರನ್ನೂ ಕೇಳದೇ ಹೆಚ್ಚು ತಿಂದ. ನಾ ನಿಮ್ಮನ್ನ ಕೇಳೇ ತಿಂತೆ."

ಕೈ ಹಿಡಿದು ಒಳಗೆ ಎಳೆದುಕೊಂಡು ಹೋದೆ. ಡಾಕ್ಟರಮ್ಮ ರೌಂಡ್ಸಲ್ಲಿ ಇದ್ದರು. ಗಂಗಕ್ಕ ಗಂಜಿ ಆರಿಸುತ್ತಿದ್ದಳು. ರಾಜೀವ ನನ್ನ ಮುಖ ನೋಡಿಯೇ ತಲೆ ಅಲ್ಲಾಡಿಸಿದ, ಬೇಡ ಅಂತ.

"ಅವ ಕದ್ದದ್ದಲ್ಲ. ಕದ್ದವ ನಾನು. ತಿನ್ಸದವನೂ ನಾನೇ" ಅಂದೆ.

ಗಂಗಕ್ಕ ಚಮಚ ಕೆಳಗಿಟ್ಟಳು. ಬೈಯಲಿಲ್ಲ. ನನ್ನನ್ನು ನೋಡಲೂ ಇಲ್ಲ. "ಎಷ್ಟು ಕೊಟ್ಟೆ?"

"ನಾಲ್ಕು."

ಡಾಕ್ಟರಮ್ಮ ಬರೆದುಕೊಂಡರು. ರಾಜೀವ ಗೋಡೆಯ ಕಡೆ ತಿರುಗಿದ.

ನಾಲ್ಕಲ್ಲ, ಆರು. ಭಾನುವಾರ ಬೆಳಿಗ್ಗೆ ಹೊನ್ನಾವರದ ಬಸ್ಸಲ್ಲಿ ಇನ್ನೆರಡು. ಅದನ್ನು ಈ ಡೈರಿಯಲ್ಲೂ ಬರೆದಿರಲಿಲ್ಲ. "ಸಾಕು ಮಾವಾ" ಅಂದ. ಹಲ್ಲು ಕಚ್ಚಿ ಹಿಡಿದಿದ್ದ. ನಾನೇ ದವಡೆ ಒತ್ತಿ ಬಾಯಿ ತೆರೆಸಿ—